ಮೇಲಂತಸ್ತಿನ ಲೈಸೆನ್ಸ್: ಇಪ್ಪತ್ತು ಚದರಡಿ ಬಚ್ಚಲು, ಎಂಟೂವರೆ ತಿಂಗಳು

ಮನೆ ಮೈಸೂರಿನ ಕುವೆಂಪುನಗರದಲ್ಲಿದೆ. 30-40 ಸೈಟು. ಅಪ್ಪ 1989ರಲ್ಲಿ ಕಟ್ಟಿಸಿದ್ದು, ಗ್ರೌಂಡ್ ಫ್ಲೋರ್ ಮಾತ್ರ, ಆರೂವರೆ ಚದರ, ಅಂದರೆ ಸುಮಾರು 650 ಚದರಡಿ. ಮೇಲೆ ಎರಡು ರೂಮು, ಒಂದು ಹಾಲು, ಒಂದು ಬಾತ್‌ರೂಮು ಹಾಕೋಣ ಅಂತ 2024ರ ಡಿಸೆಂಬರ್ ಕೊನೆಯಲ್ಲಿ ತೀರ್ಮಾನ ಮಾಡಿದೆವು. ಪಾಲಿಕೆಯಿಂದ ಕಟ್ಟಡದ ಲೈಸೆನ್ಸ್ ಕೈಗೆ ಬಂದದ್ದು 2025ರ ಸೆಪ್ಟೆಂಬರ್ 9ಕ್ಕೆ.

ಡೈರಿ ತೆಗೆದು ಲೆಕ್ಕ ಹಾಕಿದೆ. ನಕ್ಷೆ ಕಚೇರಿಯಲ್ಲಿದ್ದದ್ದು ಎರಡು ತಿಂಗಳಿಗಿಂತ ಸ್ವಲ್ಪ ಜಾಸ್ತಿ, ಖಾತೆಯದ್ದು ಸೇರಿಸಿದರೆ ಮೂರೂ ಚಿಲ್ಲರೆ. ಮಿಕ್ಕಿದ್ದೆಲ್ಲ ನಮ್ಮ ಮನೆಯೊಳಗೇ ಕಳೆದುಹೋದ ದಿನಗಳು. ಹೆಚ್ಚಿನವು ನನ್ನ ತಪ್ಪಿನಿಂದ. ಮೇಲಂತಸ್ತು ಹಾಕುವ ಯೋಚನೆ ಇರುವವರಿಗೆ ಉಪಯೋಗ ಆಗಬಹುದು ಅಂತ ತಾರೀಕು, ಅಳತೆ, ಖರ್ಚು ಸಮೇತ ಬರೆದಿಡುತ್ತಿದ್ದೇನೆ.

ಹಂತ 1: ಟ್ರಂಕು (ಜನವರಿ)

ಅಪ್ಪ ತೀರಿಕೊಂಡು ಆರು ವರ್ಷ. "ಎಲ್ಲಾ ಕಾಗದ ಅಟ್ಟದ ಮೇಲಿನ ಹಸಿರು ಟ್ರಂಕಲ್ಲಿದೆ" ಅಂತ ಅಮ್ಮ ಹೇಳುತ್ತಲೇ ಇದ್ದಳು. ಇತ್ತು ಕೂಡ. ಹಂಚಿಕೆ ಪತ್ರ, ಸ್ವಾಧೀನ ಪತ್ರ, ಕ್ರಯಪತ್ರ, ಕಂದಾಯದ ರಸೀದಿಗಳ ದೊಡ್ಡ ಕಟ್ಟು. ಸೈಟು ಕೊಟ್ಟಿದ್ದು ಸಿಐಟಿಬಿ (ಸಿಟಿ ಇಂಪ್ರೂವ್‌ಮೆಂಟ್ ಟ್ರಸ್ಟ್ ಬೋರ್ಡ್). ಮುಡಾ (ಮೈಸೂರು ನಗರಾಭಿವೃದ್ಧಿ ಪ್ರಾಧಿಕಾರ) ಬಂದದ್ದು 1988ರಲ್ಲಿ, ಅದಕ್ಕೆ ಮುಂಚೆ ಮೈಸೂರಲ್ಲಿ ಬಡಾವಣೆ ಮಾಡಿ ಸೈಟು ಹಂಚುತ್ತಿದ್ದದ್ದು ಈ ಮಂಡಳಿ. ಹಳೇ ಬಡಾವಣೆಯವರ ಟ್ರಂಕಿನಲ್ಲೆಲ್ಲ ಅದರದ್ದೇ ಸೀಲು.

ನೀಲಿ ನಕ್ಷೆ ಮಾತ್ರ ಗೆದ್ದಲಿನ ಪಾಲಾಗಿತ್ತು. ಪೂರ್ತಿ ಹೋಗಿದ್ದರೆ ಬೇಜಾರಿರಲಿಲ್ಲ. ಹೋಗಿದ್ದು ಕೆಳಗಿನ ಬಲ ಮೂಲೆ. ಸೀಲು, ಸಹಿ, ಲೈಸೆನ್ಸ್ ನಂಬರು ಇರುವುದು ಅಲ್ಲೇ ಅಲ್ವಾ.

ಹಳೇ ನಕ್ಷೆ ಯಾಕೆ ಬೇಕು ಅಂದರೆ, ಮೇಲೆ ಕಟ್ಟಲು ಅನುಮತಿ ಕೇಳುವಾಗ ಕೆಳಗೆ ಇರುವುದು ಅನುಮತಿ ಪಡೆದು ಕಟ್ಟಿದ್ದು ಅಂತ ತೋರಿಸಬೇಕು. ನಕಲು ಪ್ರತಿಗೆ ಅರ್ಜಿ ಹಾಕಬಹುದು. ಆದರೆ ವರ್ಷ ಮತ್ತು ನಂಬರು ಗೊತ್ತಿದ್ದರೆ ಹುಡುಕುವವರಿಗೆ ಸುಲಭ. ನಂಬರು ಎಲ್ಲಿ ಸಿಕ್ಕೀತು ಅಂತ ಹತ್ತು ದಿನ ತಲೆ ಕೆಡಿಸಿಕೊಂಡೆ. ಕೊನೆಗೆ ಸಿಕ್ಕಿದ್ದು ಅದೇ ಟ್ರಂಕಿನಲ್ಲಿ. ಅಪ್ಪ ಮನೆ ಸಾಲ ತೀರಿಸಿದಾಗ ಬ್ಯಾಂಕಿನವರು ಕಾಗದ ವಾಪಸು ಕೊಡುತ್ತಾ ಒಂದು ಪಟ್ಟಿ ಕೊಟ್ಟಿದ್ದರು. ಅದರ ನಾಲ್ಕನೇ ಸಾಲಿನಲ್ಲಿ "ಕಟ್ಟಡ ಪರವಾನಗಿ ಸಂಖ್ಯೆ" ಅಂತ ಟೈಪ್ ಮಾಡಿತ್ತು, ತಾರೀಕಿನ ಸಮೇತ. ಸಾಲ ಮಾಡಿ ಮನೆ ಕಟ್ಟಿದ ಅಪ್ಪಂದಿರ ಮಕ್ಕಳು ಮೊದಲು ಬ್ಯಾಂಕ್ ಫೈಲು ನೋಡಿ.

ಅರ್ಜಿ ಹಾಕಿ 23 ದಿನಕ್ಕೆ ನಕಲು ಪ್ರತಿ ಬಂತು. ಖರ್ಚು 480 ರೂಪಾಯಿ.

ಈ ನಡುವೆ ಜೆರಾಕ್ಸ್ ಅಂಗಡಿ ಮುಂದೆ ಒಬ್ಬರು ಸಿಕ್ಕಿದರು. "ಎಲ್ಲಾ ಸೇರಿ ಅರವತ್ತು ಸಾವಿರ ಮೇಡಂ, ನೀವು ಮನೇಲಿ ಆರಾಮಾಗಿ ಕೂತಿರಿ" ಅಂದರು. ಏನೇನು ಸೇರಿ ಅಂತ ಬರೆದುಕೊಡಿ ಅಂದೆ. ಬರೆಯುವ ಪದ್ಧತಿ ಇಲ್ಲವಂತೆ. ಅಲ್ಲಿಗೆ ಬಿಟ್ಟೆ.

ಹಂತ 2: ಖಾತೆ (ಫೆಬ್ರವರಿಯಿಂದ ಏಪ್ರಿಲ್)

ಆರು ವರ್ಷ ಕಂದಾಯ ಕಟ್ಟಿದ್ದು ನಾನು. ರಸೀದಿ ಬರುತ್ತಿದ್ದದ್ದು ಅಪ್ಪನ ಹೆಸರಿಗೆ. ಖಾತೆ ಬದಲಿಸಬೇಕು ಅಂತ ಗೊತ್ತಿತ್ತು, ಸುಮ್ನೆ ಮುಂದೂಡುತ್ತಾ ಬಂದಿದ್ದೆ. ತೀರಿಹೋದವರ ಹೆಸರಲ್ಲಿ ಲೈಸೆನ್ಸ್ ಕೇಳಲು ಆಗುವುದಿಲ್ಲ.

ಬೇಕಾದದ್ದು: ಅಪ್ಪನ ಮರಣ ಪತ್ರ, ನಾಡಕಚೇರಿಯಿಂದ ವಂಶವೃಕ್ಷ, ಅಫಿಡವಿಟ್, ಆ ವರ್ಷದ ತನಕದ ಕಂದಾಯ ರಸೀದಿ, ಋಣಭಾರ ಪತ್ರ. ಋಣಭಾರ ಪತ್ರ ನೋಂದಣಿ ಇಲಾಖೆಯ ಕಾವೇರಿ ವೆಬ್‌ಸೈಟಿನಲ್ಲೇ ಸಿಗುತ್ತದೆ, ಆದರೆ 2004ರಿಂದ ಈಚಿನದು. ಅದಕ್ಕೂ ಹಿಂದಿನದು ಬೇಕಾದರೆ ಸಬ್ ರಿಜಿಸ್ಟ್ರಾರ್ ಕಚೇರಿಗೇ ಹೋಗಬೇಕು. ನಾನು ಎರಡನ್ನೂ ತೆಗೆಸಿದೆ.

ಸಿಕ್ಕಿಹಾಕಿಕೊಂಡದ್ದು ಒಂದು ಅಕ್ಷರಕ್ಕೆ. ಕ್ರಯಪತ್ರದಲ್ಲಿ ಅಪ್ಪನ ಇನಿಷಿಯಲ್ ಹೆಸರಿನ ಮುಂದೆ, ಮರಣ ಪತ್ರದಲ್ಲಿ ಹಿಂದೆ, ಅದೂ ಎರಡರ ಬದಲು ಒಂದೇ. ಇಬ್ಬರೂ ಒಬ್ಬರೇ ಅಂತ ಇನ್ನೊಂದು ಅಫಿಡವಿಟ್. ಅಪ್ಪ ಒಬ್ಬನೇ ಅಂತ ನೋಟರಿ ಮುಂದೆ ನಿಂತು ಪ್ರಮಾಣ ಮಾಡುವಾಗ ಅಮ್ಮನಿಗೆ ನಗು ಬಂತು.

ತಮ್ಮ ಹೈದರಾಬಾದಿನಲ್ಲಿದ್ದಾನೆ. ಅವನ ಪಾಲು ಬಿಡುಗಡೆ ಮಾಡಿಸಿಕೊಳ್ಳುವುದೋ ಬೇಡವೋ ಅನ್ನುವ ಮಾತಿಗೇ ಮೂರು ವಾರ ಹೋಯಿತು. ಜಗಳ ಅಲ್ಲ, ಸಂಕೋಚ. ಕೊನೆಗೆ ಅಮ್ಮ, ನಾನು, ಅವನು, ಮೂವರ ಹೆಸರಿಗೂ ಜಂಟಿ ಖಾತೆ ಮಾಡಿಸಿದೆವು. ಆಮೇಲೆ ಎಲ್ಲ ಅರ್ಜಿಗೂ ಮೂವರ ಸಹಿ ಬೇಕಾಯಿತು. ಅವನು ಯುಗಾದಿಗೆ ಬಂದಾಗ ಏಳು ಕಾಗದಕ್ಕೆ ಒಟ್ಟಿಗೆ ಸಹಿ ಹಾಕಿಸಿಕೊಂಡೆ. ಎಂಟನೆಯದು ನೆನಪಾಗಿದ್ದು ಅವನು ರೈಲು ಹತ್ತಿದ ಮೇಲೆ. ಕೊರಿಯರ್.

ಇ-ಖಾತೆ ಏಪ್ರಿಲ್ 24ಕ್ಕೆ ಬಂತು. ಈ ಹಂತದ ಖರ್ಚು ಎಲ್ಲ ಸೇರಿ 2,900.

ಹಂತ 3: ಟೇಪು ಮತ್ತು ಗುಂಡಿ (ಮೇ)

ಎಂಜಿನಿಯರ್ ಗೊತ್ತುಮಾಡಿದೆ. ಪಾಲಿಕೆಯಲ್ಲಿ ನೋಂದಣಿ ಇರುವವರೇ ಆಗಬೇಕು, ಅರ್ಜಿ ಹಾಕುವುದು ಅವರ ಲಾಗಿನ್‌ನಿಂದ. ನಕ್ಷೆ ಮತ್ತು ಅರ್ಜಿಗೆ ಅವರ ಫೀಸು 18,000. ಕಟ್ಟಡದ ತಾಳಿಕೆ ಪರೀಕ್ಷೆ, ಪ್ರಮಾಣಪತ್ರಕ್ಕೆ ಬೇರೆ 7,500.

ಅಳತೆಯನ್ನು ನಾನೇ ತೆಗೆದುಕೊಡುತ್ತೇನೆ ಅಂದೆ. ಹುಮ್ಮಸ್ಸು. 30 ಮೀಟರ್ ಟೇಪು, ನೂಲು, ತೂಕದ ಗುಂಡು, ಸೀಮೆಸುಣ್ಣ ಇಟ್ಟುಕೊಂಡು ಪಕ್ಕದ ಮನೆ ಹುಡುಗನ ಜೊತೆ ಶುರು ಮಾಡಿದೆ. ಮನೆಯ ಹೊರ ಅಳತೆ 22 ಅಡಿ, 29 ಅಡಿ 6 ಇಂಚು. ಅಂದರೆ 649 ಚದರಡಿ. ಮುಂದೆ ಆರೂವರೆ ಅಡಿ, ಹಿಂದೆ 4 ಅಡಿ, ಎಡಕ್ಕೆ 3 ಅಡಿ 3 ಇಂಚು, ಬಲಕ್ಕೆ 4 ಅಡಿ 9 ಇಂಚು. ಸೈಟಿನ ಮುಂಭಾಗ 30 ಅಡಿ ಸರಿಯಾಗಿ ಬಂತು.

ಹಿಂಭಾಗ ಅಳೆಯಲಿಲ್ಲ. ಅಲ್ಲಿ ಅಮ್ಮನ ಸೌದೆ ರಾಶಿ ಇತ್ತು. ಮುಂದೆ 30 ಇದ್ದಮೇಲೆ ಹಿಂದೆಯೂ 30 ಇರುತ್ತದೆ ಅಂತ ಬರೆದುಕೊಟ್ಟೆ. ಖಾಲಿ ಸೈಟಾಗಿದ್ದರೆ ಮೂಲೆಯಿಂದ ಮೂಲೆಗೆ ಟೇಪು ಹಿಡಿದರೆ ಸಾಕು, 30-40ಕ್ಕೆ 50 ಅಡಿ ಬರಬೇಕು. ಗಾರೆಯವರಿಗೆಲ್ಲ ಬಾಯಿಪಾಠ. ಆದರೆ ನಡುವೆ ಮನೆ ಕೂತಿದೆ. ಎಂಜಿನಿಯರ್ ಆಮೇಲೆ ಬಂದು ಸೌದೆ ಸರಿಸಿ ಅಳೆದರೆ ಹಿಂದೆ 29 ಅಡಿ 5 ಇಂಚು. ಏಳು ಇಂಚು ಕಮ್ಮಿ. ಕಮ್ಮಿಯಾದದ್ದು ಬಲಗಡೆ, ಅಲ್ಲಿ 4 ಅಡಿ 2 ಇಂಚು ಉಳಿದಿತ್ತು, ಹಾಗಾಗಿ ಬಚಾವ್. ಎಡಗಡೆ ಇದ್ದದ್ದೇ 3 ಅಡಿ 3 ಇಂಚು, ಅಲ್ಲಿ ಆಗಿದ್ದರೆ ಕಷ್ಟವಾಗುತ್ತಿತ್ತು. ನಕ್ಷೆ ತಿದ್ದಿದ್ದಕ್ಕೆ 2,000 ಜಾಸ್ತಿ ಕೊಟ್ಟೆ.

ಮೇ 17ಕ್ಕೆ ಗುಂಡಿ ತೆಗೆದದ್ದು. ಮನೆಗೆ ಪಿಲ್ಲರ್ ಇಲ್ಲ, 9 ಇಂಚಿನ ಇಟ್ಟಿಗೆ ಗೋಡೆಯೇ ಭಾರ ಹೊರುತ್ತದೆ. ಆ ಕಾಲದ ಮನೆಗಳೆಲ್ಲ ಹಾಗೇ. ಪಾಯ ಎಷ್ಟು ಆಳ ಇದೆ ಅಂತ ಯಾರಿಗೂ ನೆನಪಿಲ್ಲ. ಎರಡು ಮೂಲೆಯಲ್ಲಿ 2 ಅಡಿ ಅಗಲ, 3 ಅಡಿ ಉದ್ದ ಅಗೆದೆವು. ಮೇಲೆ ಅರ್ಧ ಅಡಿ ತುಂಬಿದ ಮಣ್ಣು, ಆಮೇಲೆ ಗಟ್ಟಿ ಕೆಂಪು ಮಣ್ಣು, ಅದರೊಳಗೆ ಸೈಜುಗಲ್ಲು. ಪಾಯದ ತಳ 3 ಅಡಿ 4 ಇಂಚಿಗೆ ಸಿಕ್ಕಿತು, ಅಗಲ 2 ಅಡಿ. "ನಿಮ್ಮ ತಂದೆ ಪಾಯಕ್ಕೆ ಜಿಪುಣತನ ಮಾಡಿಲ್ಲ" ಅಂದರು ಎಂಜಿನಿಯರ್. ಗುಂಡಿ ಮುಚ್ಚುವ ಮೊದಲು ಸ್ಕೇಲು ಇಟ್ಟು ಫೋಟೋ ತೆಗೆದಿಡಿ. ಮತ್ತೆ ಕೇಳುತ್ತಾರೆ.

ಆರ್‌ಸಿಸಿ ಸೂರಿಗೆ ರೀಬೌಂಡ್ ಹ್ಯಾಮರ್ (ಕಾಂಕ್ರೀಟಿನ ಗಟ್ಟಿತನ ನೋಡುವ ಸಾಧನ) ಹಿಡಿದು ಹನ್ನೆರಡು ಕಡೆ ನೋಡಿದರು. ಅಡುಗೆಮನೆ ಮೂಲೆಯಲ್ಲಿ ಮಾತ್ರ ಸಿಮೆಂಟು ಉದುರಿ ಕಂಬಿ ಕಾಣುತ್ತಿತ್ತು. ತುಕ್ಕು ಉಜ್ಜಿ, ಕೋಟಿಂಗ್ ಹಾಕಿ, ಮುಚ್ಚಿ ಅಂದರು. ಒಂದು ಗಾರೆಯವನು, ಒಂದು ದಿನ. ಇಂಥ ತೇಪೆ, ಪ್ಲಾಸ್ಟರು, ಟೈಲ್ಸ್ ಬದಲಾವಣೆ, ಬಣ್ಣಕ್ಕೆಲ್ಲ ಲೈಸೆನ್ಸ್ ಬೇಕಿಲ್ಲ.

ಹಂತ 4: ಅಪ್‌ಲೋಡ್ (ಜೂನ್ 4ರಿಂದ 14)

ನಕ್ಷೆಯನ್ನು ಮೊದಲು ಓದುವುದು ಮನುಷ್ಯರಲ್ಲ, ಸಾಫ್ಟ್‌ವೇರು. ಕ್ಯಾಡ್ ಫೈಲಿನಲ್ಲಿ, ಅಂದರೆ ಕಂಪ್ಯೂಟರಿನಲ್ಲಿ ಬರೆದ ನಕ್ಷೆಯಲ್ಲಿ, ಗೋಡೆ, ಮೆಟ್ಟಿಲು, ಸೈಟಿನ ಗಡಿ, ಎಲ್ಲವೂ ಹೇಳಿದ ಲೇಯರಿನಲ್ಲೇ (ಪದರದಲ್ಲೇ) ಇರಬೇಕು.

ಜೂನ್ 4: ವಾಪಸು. ಮೆಟ್ಟಿಲಿನ ತಲೆಕೋಣೆಯ ಗೆರೆ ಒಂದು ಕಡೆ ಕೂಡಿರಲಿಲ್ಲ. ಕಣ್ಣಿಗೆ ಕಾಣದಷ್ಟು ಬಿರುಕು.

ಜೂನ್ 9: ಮತ್ತೆ ವಾಪಸು. ಸಜ್ಜಾವನ್ನು ಗೋಡೆಯ ಲೇಯರಿನಲ್ಲಿ ಬರೆದಿದ್ದರು, ಹಾಗಾಗಿ ಎಡಗಡೆ ಬಿಡಬೇಕಾದ ಜಾಗ ಕಮ್ಮಿ ತೋರಿಸಿತು.

ಜೂನ್ 14: ತೆಗೆದುಕೊಂಡಿತು.

ಹಂತ 5: ಆಷಾಢಕ್ಕೆ ಮುಂಚೆ (ಜೂನ್ 20)

ಇಲ್ಲಿಂದ ನನ್ನ ದೊಡ್ಡ ತಪ್ಪುಗಳು.

ಜೂನ್ 26ಕ್ಕೆ ಆಷಾಢ ಶುರು. ಅದಕ್ಕೂ ಮುಂಚೆ ಪೂಜೆ ಮಾಡಿ ಒಂದು ಕಲ್ಲಾದರೂ ಎತ್ತಿಡಬೇಕು ಅಂತ ಅಮ್ಮ. ಅರ್ಜಿ ತೆಗೆದುಕೊಂಡಿದೆಯಲ್ಲ, ಇನ್ನೇನು ಹದಿನೈದು ದಿನ ಅಂತ ನಾನು. "ಗಾರೆ ಕಿತ್ತು ಇಟ್ಟಿರೋಣ ಮೇಡಂ, ಲೈಸೆನ್ಸ್ ಬಂದ ದಿನವೇ ಗೋಡೆ ಎಬ್ಬಿಸಬಹುದು" ಅಂತ ಮೇಸ್ತ್ರಿ. ಮೂವರಲ್ಲಿ ಒಬ್ಬರಾದರೂ ಬೇಡ ಅನ್ನಬೇಕಿತ್ತು.

ಶುಕ್ರವಾರ ಪೂಜೆ ಆಯಿತು. ಶನಿವಾರ, ಭಾನುವಾರ ನಾಲ್ಕು ಜನ ಸೇರಿ ತಾರಸಿಯ ಪ್ಯಾರಪೆಟ್ ಇಳಿಸಿ, ಮೂರು ಇಂಚಿನ ಹಳೇ ಸುರ್ಕಿ (ಇಟ್ಟಿಗೆ ಪುಡಿ, ಸುಣ್ಣದ) ಗಾರೆಯನ್ನೆಲ್ಲ ಕಿತ್ತು ಹಾಕಿದರು. ಕೆಳಗೆ ಬರೀ ಆರ್‌ಸಿಸಿ, ಮೇಲೆ ಬರೀ ಆಕಾಶ. ಆ ವರ್ಷ ಜೂನ್ ತಿಂಗಳಲ್ಲೇ ಕೆಆರ್‌ಎಸ್ ತುಂಬಿತ್ತು. ಪೇಪರಿನಲ್ಲಿ ಬಾಗಿನದ ಫೋಟೋ ನೋಡಿ ಖುಷಿಪಟ್ಟೆನೇ ಹೊರತು ನಮ್ಮ ತಾರಸಿ ನೆನಪಾಗಲಿಲ್ಲ.

ಹಂತ 6: ಇಪ್ಪತ್ತು ಚದರಡಿ (ಜುಲೈ 3)

ಇನ್ನೊಂದು ತಪ್ಪು ಮೇ ತಿಂಗಳಲ್ಲೇ ಆಗಿತ್ತು. ಅದನ್ನು ಈಗ ಹೇಳಬೇಕು.

1996ರಲ್ಲಿ ಅಪ್ಪ ಮನೆಯ ಹಿಂದೆ ಒಂದು ಬಚ್ಚಲು ಕಟ್ಟಿಸಿದ್ದರು. ಹೊರ ಅಳತೆ 5 ಅಡಿ, 4 ಅಡಿ. ಮನೆ ಗೋಡೆಗೂ ಕಾಂಪೌಂಡಿಗೂ ನಡುವೆ ಇದ್ದ 4 ಅಡಿಯನ್ನು ಪೂರ್ತಿ ತುಂಬಿಕೊಂಡು ನಿಂತಿತ್ತು. ಇಟ್ಟಿಗೆ ಗೋಡೆ, ಮೇಲೆ ಸಿಮೆಂಟ್ ಶೀಟು, ಕಡಪಾ ಕಲ್ಲಿನ ನೆಲ, ಮೂಲೆಯಲ್ಲಿ ತಾಮ್ರದ ಹಂಡೆ, ಅದರಡಿ ಸೌದೆ ಒಲೆ. ಒಳಗೆ ಬೇರೆ ಬಾತ್‌ರೂಮು, ಗೀಸರು ಎಲ್ಲ ಇದ್ದರೂ ಅಮ್ಮನ ಸ್ನಾನ ಅಲ್ಲೇ.

ಇದು ಯಾವ ನಕ್ಷೆಯಲ್ಲೂ ಇಲ್ಲ. "ಹಿಂದೆ ಏನಾದರೂ ಎಕ್ಸ್‌ಟ್ರಾ ಇದೆಯಾ?" ಅಂತ ಎಂಜಿನಿಯರ್ ಮೊದಲ ದಿನವೇ ಕೇಳಿದ್ದರು. "ಅದೊಂದು ಶೆಡ್ಡು, ತೆಗೀತೀವಿ, ಬರೀಬೇಡಿ" ಅಂದಿದ್ದೆ. ತೆಗೆಯುವ ಯೋಚನೆ ನನಗೆ ಇರಲಿಲ್ಲ. ಹಿಂದೆ ಯಾರು ಹೋಗಿ ನೋಡುತ್ತಾರೆ ಅಂದುಕೊಂಡಿದ್ದೆ.

ಸ್ಥಳ ಪರಿಶೀಲನೆಗೆ ಬಂದ ಅಧಿಕಾರಿ ಸಣ್ಣ ವಯಸ್ಸಿನವರು. ಚಪ್ಪಲಿ ಬಿಟ್ಟು ಒಳಗೆ ಬಂದರು. ಹಿಂದಕ್ಕೆ ಹೋಗಲೇ ಇಲ್ಲ. ಹಾಲಿನಲ್ಲಿ ಕೂತು ಫೈಲು ಬಿಚ್ಚಿ, ಎರಡು ಕಾಗದ ಪಕ್ಕಪಕ್ಕ ಇಟ್ಟು, ಪೆನ್ನಿನ ಹಿಂಬದಿಯಿಂದ ತೋರಿಸಿದರು.

"ಮೇಡಂ, ನಕ್ಷೆಯಲ್ಲಿ ಕೆಳಗಿನ ಮನೆ 649 ಚದರಡಿ. ನಿಮ್ಮ ತೆರಿಗೆ ಲೆಕ್ಕದಲ್ಲಿ 669. ಇಪ್ಪತ್ತು ಚದರಡಿ ಎಲ್ಲಿ ಹೋಯ್ತು?"

ನನಗೆ ಮಾತೇ ಹೊರಡಲಿಲ್ಲ. 2002ರಲ್ಲಿ ಮನೆಯವರೇ ಅಳತೆ ಬರೆದು ತೆರಿಗೆ ಕಟ್ಟುವ ಪದ್ಧತಿ ಬಂದಾಗ ಅಪ್ಪ ಬಚ್ಚಲನ್ನೂ ಸೇರಿಸಿ ಬರೆದಿದ್ದಾರೆ. ತಮ್ಮ ಕೈಯಾರೆ, ಹಸಿರು ಇಂಕಿನಲ್ಲಿ, "ಹಿಂಭಾಗದ ಸ್ನಾನಗೃಹ 5 × 4 = 20" ಅಂತ. ಅನುಮತಿ ಇಲ್ಲದೆ ಕಟ್ಟಿದರು, ಆದರೆ ಅದಕ್ಕೆ ಕೊನೇ ತನಕ ತೆರಿಗೆ ಕಟ್ಟಿದರು. ಅದೇ ರಸೀದಿಗಳನ್ನು ನಾನು ಓದದೇ ಸ್ಕ್ಯಾನ್ ಮಾಡಿ ಅರ್ಜಿಗೆ ಲಗತ್ತಿಸಿದ್ದೆ.

ಆಮೇಲೆ ಹಿಂದಕ್ಕೆ ಹೋದೆವು. ಅಮ್ಮ ಬೆಳಗ್ಗೆ ಸ್ನಾನ ಮುಗಿಸಿದ್ದಳು, ಒಲೆಯಲ್ಲಿ ಕೆಂಡ ಇನ್ನೂ ಇತ್ತು. ಅವರು ಟೇಪು ಹಿಡಿದು ಬರೆದುಕೊಂಡರು. ಮೇಲೆ ಹೋಗಿ ಬೋಳಾದ ತಾರಸಿಯನ್ನೂ ನೋಡಿದರು. "ಲೈಸೆನ್ಸ್ ಬರೋ ತನಕ ಇನ್ನೊಂದು ಇಟ್ಟಿಗೆ ಮುಟ್ಟಬೇಡಿ" ಅಂತ ಮಾತ್ರ ಅಂದರು. ಅಷ್ಟಕ್ಕೇ ಬಿಟ್ಟದ್ದು ನನ್ನ ಪುಣ್ಯ.

ಲಿಖಿತವಾಗಿ ಬಂದದ್ದು ಎರಡು ಸಾಲು: ಹಿಂಭಾಗದಲ್ಲಿ ಬಿಡಬೇಕಾದ ಜಾಗದಲ್ಲಿ ಇರುವ ಕಟ್ಟಡವನ್ನು ತೆಗೆದು, ಇದ್ದದ್ದು ಇದ್ದಂತೆ ನಕ್ಷೆ ಮತ್ತೆ ಸಲ್ಲಿಸಿ. ಎಂಜಿನಿಯರ್ ಫೋನಿನಲ್ಲಿ ಬೈಯಲಿಲ್ಲ. "ಆ ನಕ್ಷೆ ಮೇಲೆ ನನ್ನ ಸಹಿ ಇದೆ ಮೇಡಂ" ಅಂದರು. ಬೈದಿದ್ದರೇ ಚೆನ್ನಾಗಿತ್ತು.

ಹಂತ 7: ಮಳೆ, ಹಾರೆ (ಜುಲೈ)

ಒಡೆಯಲು ಅಮ್ಮ ಒಪ್ಪಲಿಲ್ಲ. ಆಷಾಢದಲ್ಲಿ ಮನೆ ಒಡೆಯುತ್ತಾರಾ ಅಂದಳು. ಮೇಲಂತಸ್ತೇ ಬೇಡ ಅಂದಳು. ಎರಡು ವಾರ ಹೀಗೇ ಹೋಯಿತು.

ಅಷ್ಟರಲ್ಲಿ ಜಡಿ ಮಳೆ. ಜುಲೈ 9ರ ರಾತ್ರಿ ಹಾಲಿನ ಫ್ಯಾನಿನಿಂದ ಹನಿ ಬೀಳತೊಡಗಿತು. ನೀರು ಸೂರಿನೊಳಗಿನ ವೈರಿನ ಪೈಪಿಗೆ ಇಳಿದು, ಫ್ಯಾನಿನ ಬಟ್ಟಲಿನಲ್ಲಿ ತುಂಬಿ, ಮೂರೂ ರೆಕ್ಕೆಯ ತುದಿಯಿಂದ ಒಂದೊಂದೇ ಹನಿಯಾಗಿ ತೊಟ್ಟಿಕ್ಕುತ್ತಿತ್ತು. ಮೇನ್ ಆಫ್ ಮಾಡಿ, ಮೊಬೈಲ್ ಬೆಳಕಿನಲ್ಲಿ ಮೂರು ಪಾತ್ರೆ ಇಟ್ಟೆವು. ಮರುದಿನ 4,200 ಕೊಟ್ಟು ಟಾರ್ಪಾಲು ತಂದು ಹೊದಿಸಿದೆ. ಪ್ಯಾರಪೆಟ್ ಇಲ್ಲದ ತಾರಸಿಯಲ್ಲಿ ಟಾರ್ಪಾಲು ಕಟ್ಟಲು ಕೊಂಡಿಯೂ ಇಲ್ಲ. ಕಿತ್ತ ಗಾರೆಯ ಚೂರುಗಳನ್ನೇ ಗೋಣಿಚೀಲಕ್ಕೆ ತುಂಬಿ ಅಂಚಿಗೆ ಹೇರಿದೆವು. ಎರಡು ಸಲ ಗಾಳಿಗೆ ಹಾರಿ ಪಕ್ಕದವರ ಮಾವಿನ ಮರ ಸೇರಿತು. ಕೊನೆಗೆ ಮಳೆ ಬಿಟ್ಟ ಮೂರು ದಿನ ನೋಡಿಕೊಂಡು ವಾಟರ್‌ಪ್ರೂಫಿಂಗ್ ಬೆರೆಸಿದ ಸಿಮೆಂಟ್ ಹಾಲು ಎರಡು ಕೋಟು ಹೊಡೆಸಿದೆ. 6,800. ಮೇಲೆ ರೂಮು ಬಂದರೆ ಇದು ಯಾವುದಕ್ಕೂ ಬೇಡ. ಶುದ್ಧ ದಂಡ.

ಜುಲೈ 18, ಕೊನೇ ಆಷಾಢ ಶುಕ್ರವಾರ, ಅಮ್ಮ ಚಾಮುಂಡಿ ಬೆಟ್ಟಕ್ಕೆ ಹೋಗಿ ಬಂದಳು. ಕ್ಯೂನಲ್ಲಿ ನಾಲ್ಕು ಗಂಟೆ ನಿಂತಿದ್ದಳಂತೆ. ರಾತ್ರಿ ಊಟಕ್ಕೆ ಕೂತಾಗ "ನಾಳೆ ಒಡೆಸು, ಹಂಡೆಗೆ ಪೆಟ್ಟು ಬೀಳಬಾರದು" ಅಂದಳು.

ಶನಿವಾರ ಇಬ್ಬರು ಆಳು, ತಲಾ 1,000. ಸಿಮೆಂಟ್ ಶೀಟನ್ನು ಒಡೆಯಬಾರದು, ಧೂಳು ಒಳ್ಳೆಯದಲ್ಲ. ನೀರು ಹಾಕಿ ನೆನೆಸಿ, ಬೋಲ್ಟು ಬಿಚ್ಚಿ, ಇಡಿಯಾಗಿ ಇಳಿಸಿದೆವು. ಗೋಡೆ ಎರಡು ಗಂಟೆಯ ಕೆಲಸ. ಆಮೇಲೆ ನೆಲದ ಕಡಪಾ ಎಬ್ಬಿಸಲು ಹಾರೆ ಹಾಕಿದವನು ಕೆಳಗಿದ್ದ 4 ಇಂಚಿನ ಹಳೇ ಮಣ್ಣಿನ ಪೈಪಿಗೇ ಹಾಕಿದ. ಅಡುಗೆಮನೆಯ ನೀರೂ ಅದರಲ್ಲೇ ಹೋಗುತ್ತಿತ್ತು ಅಂತ ಆಗ ಗೊತ್ತಾಯಿತು. ಭಾನುವಾರ ಪ್ಲಂಬರ್ ಸಿಗಲಿಲ್ಲ. ಎರಡು ದಿನ ಪಾತ್ರೆಯನ್ನು ಅಂಗಳದಲ್ಲಿ ತೊಳೆದೆವು. ಹೊಸ ಪಿವಿಸಿ ಪೈಪು, ಒಂದು ಚೇಂಬರು, ಕೂಲಿ ಸೇರಿ 2,350. ಒಡೆಯುವ ಮುಂಚೆ ಎರಡೂ ಚೇಂಬರಿನ ಮುಚ್ಚಳ ತೆಗೆದು ಒಂದು ಬಕೆಟ್ ನೀರು ಬಿಟ್ಟು ನೋಡಿದ್ದರೆ ಪೈಪು ಎಲ್ಲಿ ಹಾದಿದೆ ಅಂತ ಗೊತ್ತಾಗುತ್ತಿತ್ತು. ಮಣ್ಣು-ಇಟ್ಟಿಗೆ ಸಾಗಿಸಲು ಟ್ರ್ಯಾಕ್ಟರ್ ಒಂದು ಲೋಡು, 1,800.

ಹಂಡೆಗೆ ಪೆಟ್ಟು ಬೀಳಲಿಲ್ಲ.

ಹಂತ 8: ದುಡ್ಡು, ಲೈಸೆನ್ಸ್ (ಜುಲೈ 25ರಿಂದ ಸೆಪ್ಟೆಂಬರ್ 9)

ತಿದ್ದಿದ ನಕ್ಷೆ, ಖಾಲಿ ಹಿಂಭಾಗದ ಫೋಟೋ, ತೆರಿಗೆ ಅಳತೆ ತಿದ್ದಲು ಒಂದು ಅರ್ಜಿ. ಆಗಸ್ಟ್ 12ಕ್ಕೆ ಅದೇ ಅಧಿಕಾರಿ ಬಂದು ಹತ್ತೇ ನಿಮಿಷದಲ್ಲಿ ನೋಡಿ ಹೋದರು. 22ಕ್ಕೆ ಶುಲ್ಕದ ಪಟ್ಟಿ ಬಂತು: ಎಲ್ಲ ಶೀರ್ಷಿಕೆ ಸೇರಿ 31,760. ಅದರ ಮೇಲೆ ಕಾರ್ಮಿಕರ ಕಲ್ಯಾಣ ಸೆಸ್, ಕಟ್ಟಡದ ವೆಚ್ಚದ ಶೇ 1. ನಮ್ಮ ಅಂದಾಜು 14.5 ಲಕ್ಷ, ಹಾಗಾಗಿ 14,500.

ಆಗಿನ ನಿಯಮದಲ್ಲಿ ಸ್ವಂತ ವಾಸದ ಮನೆಯ ವೆಚ್ಚ 10 ಲಕ್ಷ ದಾಟದಿದ್ದರೆ ಈ ಸೆಸ್ ಇರಲಿಲ್ಲ. "9.9 ಅಂತ ಬರೆಸಿ ಮೇಡಂ, ಎಲ್ಲರೂ ಹಾಗೇ ಮಾಡೋದು" ಅಂದ ಮೇಸ್ತ್ರಿ. 20 ಚದರಡಿ ಮುಚ್ಚಿಟ್ಟ ರುಚಿ ಇನ್ನೂ ನಾಲಿಗೆ ಮೇಲಿತ್ತು. ಕಟ್ಟಿಬಿಟ್ಟೆ.

ಸೆಪ್ಟೆಂಬರ್ 9ಕ್ಕೆ ಪಿಡಿಎಫ್ ಬಂತು. ಎರಡು ವರ್ಷದ ಅವಧಿ. ಎ3 ಕಾಗದದಲ್ಲಿ ಮೂರು ಪ್ರಿಂಟು ತೆಗೆಸಿದೆ. ಒಂದು ಲ್ಯಾಮಿನೇಷನ್ ಮಾಡಿಸಿ ಗೇಟಿಗೆ, ಒಂದು ಮೇಸ್ತ್ರಿಗೆ, ಒಂದು ಟ್ರಂಕಿಗೆ. ಟ್ರಂಕಿನಲ್ಲಿ ಈ ಸಲ ಬೇವಿನೆಲೆ ಜೊತೆ, ಪ್ಲಾಸ್ಟಿಕ್ ಕವರಿನೊಳಗೆ.

ನನ್ನ ತಪ್ಪಿಗೆ ಮಾತ್ರ ಆದ ಖರ್ಚು: ನಕ್ಷೆ ತಿದ್ದಿದ್ದು 2,000, ಪೈಪು 2,350, ಟಾರ್ಪಾಲು ಮತ್ತು ಸಿಮೆಂಟ್ ಹಾಲು 11,000. ಒಟ್ಟು 15,350. ಹಾಲಿನ ಸೂರಿಗೆ ಮತ್ತೆ ಬಣ್ಣ ಹೊಡೆಸುವುದು ಇನ್ನೂ ಬಾಕಿ.

ಹಂತ 9: ಕಟ್ಟುವುದು (ಅಕ್ಟೋಬರ್ 6ರಿಂದ)

ದಸರಾ ಮುಗಿದ ಮೇಲೆ ಶುರು. 6 ಇಂಚಿನ ಸಾಲಿಡ್ ಬ್ಲಾಕು, ಕೆಳಗಿನ ಗೋಡೆಯ ಮೇಲೇ ಮೇಲಿನ ಗೋಡೆ. ಅದರ ವಿವರ ಇಲ್ಲಿ ಬರೆಯುವುದಿಲ್ಲ, ಒಂದು ಸಂಗತಿ ಬಿಟ್ಟು.

ಡಿಸೆಂಬರ್ 11ಕ್ಕೆ ಸ್ಲ್ಯಾಬು. ಹಿಂದಿನ ಸಂಜೆ ಲೈಸೆನ್ಸಿನ ನಕ್ಷೆ ಮತ್ತು ಟೇಪು ಹಿಡಿದು ಮೇಲೆ ಹೋದೆ. ಮುಂಭಾಗದ ಶಟರಿಂಗ್ ಹಲಗೆ ನಕ್ಷೆಗಿಂತ 9 ಇಂಚು ಹೊರಗೆ. ಮೇಸ್ತ್ರಿಯನ್ನು ಕೇಳಿದರೆ "ಬಾಲ್ಕನಿ ಚಿಕ್ಕದಾಯ್ತು ಅಂತ ಸುಮ್ನೆ ಸ್ವಲ್ಪ ಬಿಟ್ಟೆ ಮೇಡಂ, ಒಂದು ಕುರ್ಚಿ ಜಾಸ್ತಿ ಹಿಡಿಯುತ್ತೆ" ಅಂದ. ಅವನ ಪ್ರಕಾರ ಅದು ನನಗೆ ಉಡುಗೊರೆ. ರಾತ್ರಿ ಒಂಬತ್ತರ ತನಕ ಲೈಟು ಹಾಕಿಸಿ ಹಲಗೆ ಒಳಗೆ ತಳ್ಳಿಸಿ, ಕಂಬಿ ಕತ್ತರಿಸಿ ಮತ್ತೆ ಬಗ್ಗಿಸಿದೆವು. 3,500 ಓವರ್‌ಟೈಮ್. ಕಾಂಕ್ರೀಟ್ ಬಿದ್ದ ಮೇಲೆ ಗೊತ್ತಾಗಿದ್ದರೆ 9 ಇಂಚು ಒಡೆಸಲು ಎಷ್ಟಾಗುತ್ತಿತ್ತೋ. ಸ್ಲ್ಯಾಬಿನ ಹಿಂದಿನ ದಿನ ಅಳೆಯುವುದು ಎಂಜಿನಿಯರಿಗೆ ಬಿಡುವ ಕೆಲಸವಲ್ಲ ಅಂತ ನನಗನ್ನಿಸುತ್ತದೆ, ಆ ದಿನ ಅವರು ಇನ್ನೊಂದು ಸೈಟಿನಲ್ಲಿರುತ್ತಾರೆ.

ಈಗ (ಜನವರಿ 2026)

ಪ್ಲಾಸ್ಟರ್ ನಡೆಯುತ್ತಿದೆ. ಮೇಲಿನ ಮನೆಗೆ ಬೇರೆ ಮೀಟರು ಬೇಕು. 2024ರ ಡಿಸೆಂಬರ್ 17ರ ಸುಪ್ರೀಂ ಕೋರ್ಟ್ ತೀರ್ಪಿನ ನಂತರ, ಕಟ್ಟಡ ನಕ್ಷೆಯಂತೆ ಮುಗಿದಿದೆ ಅನ್ನುವ ಪತ್ರ ಇಲ್ಲದೆ ಕರೆಂಟು, ನೀರಿನ ಸಂಪರ್ಕ ಕೊಡುವಂತಿಲ್ಲ ಅಂತಾಯಿತು. 1,200 ಚದರಡಿವರೆಗಿನ ಸೈಟಿನ ಸಣ್ಣ ಮನೆಗಳಿಗೆ ರಾಜ್ಯ ಸರ್ಕಾರ 2025ರಲ್ಲಿ ವಿನಾಯಿತಿ ಪ್ರಕಟಿಸಿತು. ನಮ್ಮದು ಕ್ರಯಪತ್ರದಲ್ಲಿ ಸರಿಯಾಗಿ 1,200, ಟೇಪಿನಲ್ಲಿ ಅದಕ್ಕೂ ಕಮ್ಮಿ. ಆ ಏಳು ಇಂಚಿನಿಂದ ನಷ್ಟವೇನೂ ಆಗಲಿಲ್ಲ ನೋಡಿ. ಆದರೂ ಮುಕ್ತಾಯ ಪತ್ರಕ್ಕೆ ಅರ್ಜಿ ಹಾಕುವುದು ಅಂತ ತೀರ್ಮಾನಿಸಿದ್ದೇನೆ. ಮುಂದೆ ಈ ಮನೆಯಲ್ಲಿ ಇನ್ಯಾರೋ ಟ್ರಂಕು ತೆಗೆಯುತ್ತಾರೆ.

ಹೊಸ ಕರೆಂಟಿಗೆ ಸೋಲಾರ್ ವಾಟರ್ ಹೀಟರು ಬೇಕು ಅನ್ನುವ ನಿಯಮ ನಮ್ಮಲ್ಲಿ 2007ರಿಂದಲೇ ಇದೆ. ಹೋದ ವಾರ 200 ಲೀಟರಿನದು ಕೂರಿಸಿದೆವು, ಅದರದೊಂದು ಪೈಪನ್ನು ಕೆಳಗೆ ಅಮ್ಮನ ಬಾತ್‌ರೂಮಿಗೂ ಇಳಿಸಿದೆವು. ನಲ್ಲಿ ತಿರುಗಿಸಿ, ಕೈ ಹಿಡಿದು ನೋಡಿ, "ಬಿಸಿ ಇದೆ" ಅಂತ ಒಪ್ಪಿಕೊಂಡಳು. ಆಮೇಲೆ "ಮೋಡ ಮುಚ್ಚಿದ ದಿನ?" ಅಂತ ಕೇಳಿದಳು. ಗೀಸರ್ ಇದೆಯಲ್ಲ ಅಂದೆ. ಉತ್ತರ ಕೊಡಲಿಲ್ಲ.

ಸೌದೆ ರಾಶಿ ಈಗ ಹೊಸ ಮೆಟ್ಟಿಲಿನ ಕೆಳಗಿದೆ, ಹಂಡೆ ಅದರ ಪಕ್ಕ ಬೋರಲು ಹಾಕಿದೆ. ನಿನ್ನೆ ಬೆಳಗ್ಗೆ ನೋಡಿದರೆ ಅದರ ಹತ್ತಿರ ಮೂರು ಇಟ್ಟಿಗೆ ಜೋಡಿಸಿಟ್ಟಿತ್ತು. ಯಾರು ಇಟ್ಟಿದ್ದು ಅಂತ ಕೇಳಲಿಲ್ಲ. ಪರಿಶೀಲನೆಗೆ ಬರುವ ದಿನ ತೆಗೆದಿಡಬೇಕು.